ವಾಸನೆ ತೆಗೆದ ಗ್ಯಾಸು

ಡಬ್ಬಿ ಮೇಸ್ತ್ರಿ ಎಂದರೆ ಆ ಬೀದಿಯಲ್ಲಿ ಯಾರೂ ಎರಡನೆಯ ಸಲ ಕೇಳುತ್ತಿರಲಿಲ್ಲ, ನೇರವಾಗಿ ಮನೆ ತೋರಿಸುತ್ತಿದ್ದರು. ನೀರೆತ್ತುವ ಪಂಪುಗಳ ರಿಪೇರಿ ಅವನ ಕಸುಬು. ಆದರೆ ಹೆಸರು ಬಂದದ್ದು ಡಬ್ಬಿಗಳಿಂದ. ಎಣ್ಣೆ ಡಬ್ಬಿ, ಬಣ್ಣದ ಡಬ್ಬಿ, ತೂತು ಬಿದ್ದ ಸಿಲಿಂಡರು, ಯಾರದೋ ಮನೆಯ ತಳ ಹೋದ ಹಂಡೆ, ಯಾವುದನ್ನೂ ಬಿಡುವ ಆಸಾಮಿಯಲ್ಲ. "ಬಿಸಾಕೋದಿದ್ರೆ ನನ್ನ ಮೇಲೇ ಬಿಸಾಕಿ" ಎಂದು ಬೀದಿಗೆಲ್ಲ ಹೇಳಿಟ್ಟಿದ್ದ. ಜನರೇನು ಕಡಿಮೆಯೇ, ತಂದು ಬಿಸಾಕುತ್ತಿದ್ದರು. ಮನೆಯ ಹಿಂದಿನ ಶೆಡ್ಡಿನಲ್ಲಿ ಕಾಲಿಡಲು ಜಾಗವಿರಲಿಲ್ಲ.

ಅವನ ಹೆಂಡತಿ ಟೈಲರು. ಮದುವೆಯ ಕತೆಯೂ ಮಜವಾಗಿದೆ. ಅವಳ ತಾಯಿಯ ಹೊಲಿಗೆ ಯಂತ್ರ ಕೆಟ್ಟಾಗ ಇವನನ್ನು ಕರೆಸಿದ್ದರು. ಪಂಪಿನವನಿಗೆ ಹೊಲಿಗೆ ಯಂತ್ರದ ಬಗ್ಗೆ ಏನು ಗೊತ್ತು ಎಂದು ಅವಳು ಮೂಗು ಮುರಿದಳು. ಅರ್ಧ ಗಂಟೆಯಲ್ಲಿ ಸರಿಮಾಡಿ ಹೋದ. ವಾರಕ್ಕೆ ಮತ್ತೆ ಕೆಟ್ಟಿತು, ಮತ್ತೆ ಬಂದ. ಮೂರನೆಯ ಸಲ ಅವಳು ಪಕ್ಕದಲ್ಲೇ ನಿಂತು ನೋಡಿದಳು: ಪುಣ್ಯಾತ್ಮ ಒಂದು ಸ್ಕ್ರೂ ಬಿಗಿ ಮಾಡಿ, ಹೋಗುವ ಮುನ್ನ ಇನ್ನೊಂದನ್ನು ಸಡಿಲ ಮಾಡುತ್ತಿದ್ದಾನೆ! "ಕಳ್ಳಾ" ಎಂದಳು. ಅವನು ಹಲ್ಲು ಕಿರಿದು, "ಬೇರೆ ದಾರಿ ಇರ್ಲಿಲ್ಲ" ಎಂದ. ಮುಂದಿನ ವರ್ಷ ಅವರ ಮದುವೆಯಾಯಿತು.

ಮನೆಯ ಮುಂದಿನ ಕೋಣೆಯಲ್ಲಿ ಅವಳದು ಮೂರು ಕರೆಂಟಿನ ಯಂತ್ರ, ಕೆಲಸಕ್ಕೆ ಇಬ್ಬರು ಹೆಂಗಸರು. ಶಾಲೆಗಳ ಸಮವಸ್ತ್ರ ಹೊಲಿಯುತ್ತಿದ್ದರು. ಎಲ್ಲ ಚೆನ್ನಾಗಿಯೇ ಇತ್ತು, ಆ ಕರೆಂಟು ಒಂದು ಬಿಟ್ಟು. ಬೆಳಗ್ಗೆ ಹೋದದ್ದು ಮಧ್ಯಾಹ್ನ ಮುಖ ತೋರಿಸಿ ಮತ್ತೆ ಹೋಗುತ್ತಿತ್ತು. ಶಾಲೆ ತೆರೆಯುವ ಹೊತ್ತಿಗೆ ಅರ್ಧ ತೋಳಿನ ಅಂಗಿಗಳು ಅರ್ಧ ತೋಳೂ ಇಲ್ಲದೆ ಬಿದ್ದಿರುತ್ತಿದ್ದವು. ಪೆಟ್ರೋಲ್ ಜನರೇಟರು ತಂದು ನೋಡಿದರು. ಅದು ಹೊಲಿಗೆಯ ಸಂಪಾದನೆಯನ್ನೆಲ್ಲ ತಾನೇ ಕುಡಿಯತೊಡಗಿತು.

ಆಗ ಗುಜರಿ ಅಂಗಡಿಯ ಮುದುಕನೊಬ್ಬ ಮೇಸ್ತ್ರಿಯ ತಲೆಗೆ ಹುಳ ಬಿಟ್ಟ. ಹಿಂದೆ ಪೆಟ್ರೋಲು ಸಿಗದ ಕಾಲದಲ್ಲಿ ಲಾರಿಗಳ ಬೆನ್ನಿಗೆ ಒಲೆ ಕಟ್ಟಿ, ಕಟ್ಟಿಗೆಯಿಂದಲೇ ಓಡಿಸುತ್ತಿದ್ದರಂತೆ. ಅಷ್ಟು ಸಾಕಾಯಿತು. ಹೆಂಡತಿಯ ತಮ್ಮ ಮೂರು ಮನೆ ಆಚೆ ಬಡಗಿ ಕೆಲಸ ಮಾಡುತ್ತಿದ್ದ. ಅವನ ಅಂಗಡಿಯಲ್ಲಿ ಕಿಟಕಿ ಬಾಗಿಲು ಕೊಯ್ದು ಉಳಿದ ತುಂಡುಗಳು ರಾಶಿ ರಾಶಿ. "ಭಾವ, ಇದನ್ನೆಲ್ಲ ಹೊತ್ಕೊಂಡು ಹೋದ್ರೆ ನಿಮ್ಮ ಕಾಲಿಗೆ ಬೀಳ್ತೀನಿ" ಎಂದ. ಕಟ್ಟಿಗೆಯ ಚಿಂತೆ ಅಲ್ಲಿಗೆ ಮುಗಿಯಿತು.

"ಒಬ್ಬರಿಗೆ ಹುಚ್ಚು, ಇನ್ನೊಬ್ಬರು ತಾಳ ಹಾಕೋರು" ಎಂದು ಅವಳು ಬೈದಳು. ಬೈಯುತ್ತಲೇ ಬಂದು ನಿಂತು ನೋಡಿದಳು. ಒಂದು ಹಳೆಯ ಸಿಲಿಂಡರಿನೊಳಗೆ ಇನ್ನೊಂದನ್ನು ಇಳಿಸಿದ. ಮೇಲೆ ಕಟ್ಟಿಗೆ ಹಾಕಲು ಮುಚ್ಚಳ, ನಡುವೆ ಗಾಳಿಗೆ ಐದು ತೂತು, ಅದರ ಕೆಳಗೆ ಕಿರಿದಾದ ಗಂಟಲು, ಅದಕ್ಕೂ ಕೆಳಗೆ ಬೂದಿ ಉದುರುವ ಜರಡಿ. ಪಕ್ಕದಲ್ಲಿ ಹಳೆಯ ಕಾರೊಂದರ ಇಂಜಿನ್ನು, ಬೆಲ್ಟು, ಜನರೇಟರು.

"ಕಟ್ಟಿಗೆ ಸುಟ್ಟರೆ ಬೂದಿ ಆಗತ್ತೆ. ಇಂಜಿನ್ ಹೇಗೆ ಓಡತ್ತೆ?" ಎಂದು ಕೇಳಿದಳು.

"ಪೂರ್ತಿ ಸುಡೋಕೆ ಬಿಡಬಾರದು ಕಣೇ. ಗಾಳಿ ಕಡಿಮೆ ಕೊಡಬೇಕು, ಅರ್ಧ ಹೊಟ್ಟೆ ಊಟ ಹಾಕಿದ ಹಾಗೆ. ಆ ಹೊಗೆ ಕೆಂಡದ ಒಳಗೆ ಹಾದು ಗ್ಯಾಸ್ ಆಗಿ ಬರತ್ತೆ. ಅದಕ್ಕಿನ್ನೂ ಹಸಿವು ಇರತ್ತಲ್ಲ, ಅದನ್ನ ಇಂಜಿನ್ನಲ್ಲಿ ತೀರಿಸೋದು."

"ಮನೇಲಿ ನನ್ನ ಊಟಕ್ಕೆ ಇಷ್ಟು ಯೋಚನೆ ಮಾಡಿದ್ದೀರಾ ಯಾವತ್ತಾದ್ರೂ?" ಎಂದಳು. ಅವನು ನಕ್ಕು ಕೆಲಸ ಮುಂದುವರಿಸಿದ.

ಎಂಟು ತಿಂಗಳು ಹಿಡಿಯಿತು. ಕಟ್ಟಿಗೆ ಹಸಿಯಾಗಿದ್ದರೆ ಡಾಂಬರಿನಂಥ ಅಂಟು ಬಂದು ಕೊಳವೆ ಕಟ್ಟುತ್ತಿತ್ತು. ಇಂಜಿನ್ನು ಎರಡು ಸಲ ಕೆಮ್ಮಿ ಸುಮ್ಮನಾಗುತ್ತಿತ್ತು. ಒಮ್ಮೆ ಮುಚ್ಚಳ ತೆರೆದವನ ಹುಬ್ಬೇ ಸುಟ್ಟುಹೋಯಿತು. ತಿಂಗಳುಗಟ್ಟಲೆ ಹುಬ್ಬಿಲ್ಲದ ಮುಖ ಹೊತ್ತು ಓಡಾಡಿದ, ಬೀದಿಗೆ ನಗಲು ಒಂದು ನೆಪವಾಯಿತು. ಅವಳಿಗೂ ಎಲ್ಲ ಪಾಠವಾಯಿತು. ಎರಡು ಕಟ್ಟಿಗೆ ಚೂರುಗಳನ್ನು ಕುಟ್ಟಿ, ಸದ್ದಿನಿಂದಲೇ ಒಣಗಿದೆಯೋ ಇಲ್ಲವೋ ಹೇಳುತ್ತಿದ್ದಳು. ಕೊನೆಗೆ ಒಂದು ಬೆಳಗ್ಗೆ ಬೀದಿಯ ಫ್ಯಾನುಗಳೆಲ್ಲ ನಿಂತಿದ್ದಾಗ ಅವಳ ಮೂರೂ ಯಂತ್ರಗಳು ಗುಂಯ್ ಎಂದವು. ಕೆಲಸದ ಹೆಂಗಸರು ಚಪ್ಪಾಳೆ ತಟ್ಟಿದರು. ಮೇಸ್ತ್ರಿ ಬಾಗಿಲಲ್ಲಿ ಮಸಿ ಮೆತ್ತಿದ ಕೈ ಕಟ್ಟಿಕೊಂಡು ನಿಂತಿದ್ದ. ಅವನು ಬೀದಿಯವರನ್ನು ನೋಡುತ್ತಿರಲಿಲ್ಲ, ಅವಳ ಮುಖ ನೋಡುತ್ತಿದ್ದ. ಅವಳಿಗೆ ಆ ನೋಟ ಇವತ್ತಿಗೂ ನೆನಪಿದೆ.

ಅಲ್ಲಿಗೇ ನಿಂತಿದ್ದರೆ ಎಷ್ಟು ಚೆನ್ನಾಗಿತ್ತು!

ಆ ಗ್ಯಾಸಿಗೆ ವಾಸನೆಯಿತ್ತು. ಒದ್ದೆ ಬೂದಿಗೆ ಡಾಂಬರು ಬೆರೆಸಿದಂಥ ಗಾಢ ವಾಸನೆ. ಶೆಡ್ಡಿನಿಂದ ಗೋಡೆ ದಾಟಿ ಹೊಲಿಗೆ ಕೋಣೆಗೆ ಬರುತ್ತಿತ್ತು, ಬಂದು ಬಟ್ಟೆಗೆ ಅಂಟುತ್ತಿತ್ತು. ಒಂದು ದಿನ ಶಾಲೆಯ ಮುಖ್ಯೋಪಾಧ್ಯಾಯಿನಿ ನಲವತ್ತು ಬಿಳಿ ಅಂಗಿಗಳನ್ನು ಹಿಂದಕ್ಕೆ ಕಳಿಸಿದಳು. ಮಕ್ಕಳು ಬೆಂಕಿ ಬಿದ್ದ ಮನೆಯಿಂದ ಎದ್ದು ಬಂದ ಹಾಗೆ ನಾರುತ್ತಿದ್ದಾರೆ ಎಂದು ಚೀಟಿ ಬೇರೆ. ಟೈಲರಮ್ಮನಿಗೆ ಅವಮಾನದಿಂದ ಮೈ ಉರಿಯಿತು. ನಲವತ್ತು ಅಂಗಿಯನ್ನೂ ಎತ್ತಿಕೊಂಡು ಹೋಗಿ ಶೆಡ್ಡಿನಲ್ಲಿ ಅವನ ಮುಂದೆ ಸುರಿದಳು.

"ಒಂದೋ ಈ ವಾಸನೆ ಹೋಗಬೇಕು, ಇಲ್ಲ ನಿಮ್ಮ ಈ ಡಬ್ಬಿ ಹೋಗಬೇಕು. ನೀವೇ ಯೋಚನೆ ಮಾಡಿ."

ಇದು ಅವಳು ಆಡಿದ ಮಾತು. ಅವಳೇ ಆಮೇಲೆ ಎಷ್ಟೋ ಜನರ ಮುಂದೆ ಹೇಳಿಕೊಂಡಿದ್ದಾಳೆ, ಒಂದು ಅಕ್ಷರವನ್ನೂ ಬಿಡದೆ.

ಅವನು ತಲೆ ಕೆರೆದುಕೊಂಡ. "ಹದಿನೈದು ದಿನ ಕೊಡು" ಎಂದ. ಗ್ಯಾಸು ಬರುವ ದಾರಿಯಲ್ಲಿ ಮೊದಲು ಒಂದು ನೀರಿನ ಡಬ್ಬಿ ಇಟ್ಟ, ಆಮೇಲೆ ಇದ್ದಿಲು ತುಂಬಿದ ದೊಡ್ಡ ಡ್ರಮ್ಮು, ಕೊನೆಗೆ ಬಟ್ಟೆಯ ಚೀಲ. ಚೀಲ ಹೊಲಿದವಳು ಅವಳೇ. "ಎರಡೆರಡು ಹೊಲಿಗೆ ಹಾಕು, ಒಂದು ಚೂರೂ ದಾಟಬಾರದು" ಎಂದ. ಅವಳು ಮೂರು ಹಾಕಿದಳು. ಹದಿನಾಲ್ಕನೆಯ ದಿನ ಇಂಜಿನ್ನು ಓಡಿಸಿ ನಿಲ್ಲಿಸಿ, ಕೊಳವೆ ಬಿಚ್ಚಿ, ಅವಳನ್ನು ಕೊಳವೆಯ ಬಾಯಿಯ ಹತ್ತಿರ ಎಳೆದುಕೊಂಡು ಹೋದ. "ಈಗ ಮೂಸು." ಅವಳು ಹೆದರಿಕೊಂಡೇ ಒಂಚೂರು ಮೂಸಿದಳು. ಏನೂ ಇಲ್ಲ. ತೊಳೆದಿಟ್ಟ ಪಾತ್ರೆಯೊಳಗೆ ಮೂಗಿಟ್ಟ ಹಾಗೆ. ಅವಳು ಖುಷಿಯಿಂದ ಅವನ ಬೆನ್ನಿಗೊಂದು ಗುದ್ದು ಹಾಕಿದಳು. ಬಿಳಿ ಅಂಗಿಗಳು ಬಿಳಿ ಅಂಗಿಗಳ ಹಾಗೆಯೇ ಶಾಲೆಗೆ ಹೋದವು.

ಈಗ ಒಂದು ವಿಷಯ ಹೇಳಬೇಕು. ಇಂಜಿನ್ನು ನಿಲ್ಲಿಸಿದ ಮೇಲೂ ಒಳಗಿನ ಕೆಂಡ ಸುಮ್ಮನಿರುವುದಿಲ್ಲ, ಬಹಳ ಹೊತ್ತು ಗ್ಯಾಸು ಮಾಡುತ್ತಲೇ ಇರುತ್ತದೆ. ಎಳೆದುಕೊಳ್ಳಲು ಇಂಜಿನ್ನಿಲ್ಲದೆ ಅದು ಸಿಕ್ಕ ದಾರಿಯಲ್ಲಿ ಹೊರಗೆ ಬರುತ್ತದೆ. ವಿಷದ ಗ್ಯಾಸು ಎಂಬುದು ಮೇಸ್ತ್ರಿಗೆ ಚೆನ್ನಾಗಿ ಗೊತ್ತಿತ್ತು. ಅದಕ್ಕೆ ಮೊದಲಿನಿಂದಲೂ ಒಂದು ರೂಢಿ ಮಾಡಿಕೊಂಡಿದ್ದ. ನಿಲ್ಲಿಸಿದ ಕೂಡಲೇ ಇಂಜಿನ್ನಿನ ಬಳಿ ಕೊಳವೆ ಬಿಚ್ಚಿ, ಬಾಗಿಲು ತೆರೆದಿಟ್ಟು, ಆಗಾಗ ಕೊಳವೆಯ ಬಾಯಿಗೆ ದೂರದಿಂದ ಮೂಗು ಒಡ್ಡಿ ನೋಡುವುದು. ವಾಸನೆ ಇದ್ದರೆ ಗ್ಯಾಸಿದೆ, ವಾಸನೆ ನಿಂತರೆ ಗ್ಯಾಸು ನಿಂತಿತು. "ನನ್ನ ಮೂಗೇ ನನ್ನ ಮೀಟರು" ಎಂದು ಹೆಮ್ಮೆಯಿಂದ ಹೇಳಿಕೊಳ್ಳುತ್ತಿದ್ದ. ಎರಡು ವರ್ಷ ಆ ಮೂಗು ಅವನಿಗೆ ಒಂದು ದಿನವೂ ಸುಳ್ಳು ಹೇಳಿರಲಿಲ್ಲ. ವಾಸನೆಯನ್ನು ಸೋಸಿ ತೆಗೆದ ಮೇಲೂ ಅವನು ಅದೇ ಮೂಗನ್ನೇ ನಂಬಿದ. ಅಷ್ಟು ದೊಡ್ಡ ತಲೆಗೆ ಇಷ್ಟು ಸಣ್ಣ ವಿಷಯ ಹೊಳೆಯಲಿಲ್ಲ ನೋಡಿ! ಅವಳಿಗೂ ಹೊಳೆಯಲಿಲ್ಲ, ಬಡಗಿಗೂ ಹೊಳೆಯಲಿಲ್ಲ. ಬಾಗಿಲು ತೆರೆದಿರುತ್ತಿದ್ದುದರಿಂದ ಕೆಲವು ವಾರ ಏನೂ ಆಗಲಿಲ್ಲ.

ಆ ದಿನ ಗಾಳಿ ಮಳೆ. ಎರಚಲು ಕರೆಂಟಿನ ಬೋರ್ಡಿಗೆ ಬಡಿಯುತ್ತದೆಂದು ಶೆಡ್ಡಿನ ಬಾಗಿಲು ಹಾಕಿಕೊಂಡಿದ್ದ. ಹನ್ನೊಂದು ಗಂಟೆಗೆ ಕರೆಂಟು ಬಂತು. ಅವನು ಇಂಜಿನ್ನು ನಿಲ್ಲಿಸಿ, ಕೊಳವೆ ಬಿಚ್ಚಿ, ಮೂಸಿರಬೇಕು. ವಾಸನೆಯಿಲ್ಲ. ಸರಿ ಎಂದು ಬೆಚ್ಚಗಿದ್ದ ಡ್ರಮ್ಮಿನ ಪಕ್ಕ ಸ್ಟೂಲು ಎಳೆದುಕೊಂಡು, ಯಾರದೋ ಪಂಪು ಬಿಚ್ಚಲು ಕೂತ. ಊಟದ ಹೊತ್ತಿಗೆ ಅವಳು ಕೋಣೆಯಿಂದಲೇ ಕೂಗಿದಳು. "ಬಂದೆ" ಎಂಬ ಉತ್ತರ ಬಂತು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ಕೂಗಿದಳು. ಉತ್ತರವಿಲ್ಲ. ಇವರ ಗೋಳು ಇದ್ದದ್ದೇ ಎಂದು ಗೊಣಗಿ, ಕೈಯಲ್ಲಿದ್ದ ಕಾಲರು ಮುಗಿಸಿದಳು. ಆ ಒಂದು ಕಾಲರು ಮುಗಿಸಲು ಹಿಡಿದದ್ದು ಏಳೆಂಟು ನಿಮಿಷ. ಡಾಕ್ಟರು ಆಮೇಲೆ, ಅಷ್ಟರಿಂದ ಏನೂ ವ್ಯತ್ಯಾಸವಾಗಿರಲಿಲ್ಲ ಬಿಡಿ ಎಂದರು. ಅವಳು ಅದನ್ನು ನಂಬಲಿಲ್ಲ.

ಬಾಗಿಲು ತೆರೆದಾಗ ಅವನು ಸ್ಟೂಲಿನಿಂದ ಪಕ್ಕಕ್ಕೆ ಬಿದ್ದಿದ್ದ. ಮುಖ ಕೆಂಪಗೆ, ಆಗತಾನೆ ಸ್ನಾನ ಮಾಡಿ ಬಂದವನ ಹಾಗಿತ್ತು. ಅವಳು ಕಿರುಚಿದ್ದು ಮೂರು ಮನೆ ಆಚೆಗೂ ಕೇಳಿಸಿತು. ತಮ್ಮ ಓಡಿ ಬಂದ. ಇಬ್ಬರೂ ಸೇರಿ ಮಳೆಯಲ್ಲೇ ಅಂಗಳಕ್ಕೆ ಎಳೆದು ಹಾಕಿದರು.

ಆಸ್ಪತ್ರೆಯಲ್ಲಿ ಮೂರನೆಯ ದಿನ ಎದ್ದು ಕೂತ. "ಆ ಪಂಪು ಕೊಟ್ಟವರು ಬಂದಿದ್ರಾ?" ಎಂಬುದು ಮೊದಲ ಮಾತು. ಅವಳು ಅತ್ತೂ ನಕ್ಕೂ ಸಾಕಾದಳು. ಐದನೆಯ ದಿನ ಮನೆಗೆ ಬಂದ. ತಲೆನೋವು ಬಿಟ್ಟರೆ ಮೊದಲಿನ ಹಾಗೆಯೇ ಇದ್ದ. ಪಕ್ಕದ ಊರಿನಲ್ಲಿ ಪಾಠ ಹೇಳುತ್ತಿದ್ದ ಮಗಳು ರಜೆ ಹಾಕಿ ಬಂದಿದ್ದವಳು ನೆಮ್ಮದಿಯಿಂದ ಹಿಂದಕ್ಕೆ ಹೋದಳು. ಒಂದು ಸಂಜೆ ಅವನು ಬಾಮೈದನ ಹತ್ತಿರ ಹೇಳುತ್ತಿದ್ದುದು ಅಡುಗೆಮನೆಗೆ ಕೇಳಿಸಿತು: "ತಪ್ಪು ಎಲ್ಲಾಯ್ತು ಗೊತ್ತಾಯ್ತು ಕಣಯ್ಯ. ವಾಸನೆ ತೆಗೀಬಾರದಿತ್ತು. ಅದೇ ನಮಗೆ ಕಾವಲು ಇದ್ದದ್ದು." ಅವಳು ಚಹಾ ಹಿಡಿದು ಹೊರಗೆ ಬಂದ ಕೂಡಲೇ ಮಾತು ನಿಲ್ಲಿಸಿ, ಮಳೆಯ ವಿಷಯ ಎತ್ತಿದ. ಅವಳ ಮುಂದೆ ಅದನ್ನು ಅವನು ಯಾವತ್ತೂ ಆಡಲಿಲ್ಲ. ಬೈದಿದ್ದರೆ, ನಿನ್ನಿಂದಲೇ ಆಯಿತು ಎಂದಿದ್ದರೆ, ಎಷ್ಟೋ ಹಗುರವಾಗುತ್ತಿತ್ತು ಅವಳಿಗೆ.

ಮೂರು ವಾರ ಕಳೆಯಿತು. ಒಂದು ಬೆಳಗ್ಗೆ ಅವನು ಅಂಗಿಯ ಗುಂಡಿ ಹಿಡಿದು ನಿಂತವನು ನಿಂತೇ ಇದ್ದ. ಹಾಕುವುದು ಹೇಗೆಂದು ತಿಳಿಯುತ್ತಿರಲಿಲ್ಲ. ಅವಳು ತಮಾಷೆ ಎಂದುಕೊಂಡಳು. ಎರಡು ದಿನಕ್ಕೆ ಚಮಚ ತಲೆಕೆಳಗಾಗಿ ಹಿಡಿದ. ನಾಲ್ಕನೆಯ ದಿನ ತನ್ನದೇ ಮನೆಯಲ್ಲಿ ಬಚ್ಚಲು ಎಲ್ಲಿ ಎಂದು ಕೇಳಿದ. ವಾರ ತುಂಬುವುದರೊಳಗೆ ಅವಳನ್ನು "ನೀವು ಯಾರ ಮನೆಯವರಮ್ಮ?" ಎಂದು ಬಹಳ ಮರ್ಯಾದೆಯಿಂದ ವಿಚಾರಿಸಿದ.

ಈ ಗ್ಯಾಸಿನಲ್ಲಿ ಕೆಲವರಿಗೆ ಹೀಗಾಗುವುದುಂಟು ಎಂದರು ಡಾಕ್ಟರು. ಗುಣವಾದ ಹಾಗೆ ಕಾಣುತ್ತದೆ, ಕೆಲವು ವಾರಕ್ಕೆ ಮಿದುಳಿಗೆ ಮಂಕು ಕವಿಯುತ್ತದೆ. ಕೆಲವರಿಗೆ ವರ್ಷದೊಳಗೆ ತಿಳಿಯಾಗುತ್ತದೆ, ಕೆಲವರಿಗೆ ಇಲ್ಲ. "ಅವರ ಕೈಗೆ ಗೊತ್ತಿರೋ ಕೆಲಸ ತೋರಿಸ್ತಾ ಇರಿ. ಯಾವುದರಿಂದ ನೆನಪು ಬರತ್ತೋ ಹೇಳೋಕಾಗಲ್ಲ."

ಬೀದಿಯಲ್ಲಿ ಯಾರೋ "ಮಾಡಿದ್ದುಣ್ಣೋ ಮಹರಾಯ" ಎಂದರಂತೆ. ಅವರ ಬಾಯಿಗಿಷ್ಟು ಮಣ್ಣು ಹಾಕ! ಕರೆಂಟು ಹೋದಾಗ ಫೋನು ಚಾರ್ಜಿಗೆ ಹಿಡಿದುಕೊಂಡು ಅವನ ಬಾಗಿಲಿಗೆ ಬಂದವರಲ್ಲಿ ಅವರೇ ಮೊದಲಿಗರು.

ಅವಳು ಪಂಪು ತಂದಿಟ್ಟಳು, ಅವನು ಅದನ್ನು ಸವರಿ ಸುಮ್ಮನಾದ. ನಟ್ಟು ಬಿಗಿಯುವ ಪಾನಾ ಕೈಗೆ ಕೊಟ್ಟಳು, ತಿರುಗಿಸಿ ನೋಡಿ ಪಕ್ಕಕ್ಕಿಟ್ಟ. ಮದುವೆಯ ಫೋಟೋ ತೋರಿಸಿದಳು. "ಹುಡುಗಿ ಚೆನ್ನಾಗಿದ್ದಾಳೆ" ಎಂದ. ಮಗಳು ಬಂದಾಗ ಅವಳನ್ನು ತನ್ನ ತಂಗಿ ಎಂದುಕೊಂಡ. ಟೈಲರಮ್ಮ ತನ್ನ ಹೊಲಿಗೆ ಯಂತ್ರದ ಸ್ಕ್ರೂ ತಾನೇ ಸಡಿಲ ಮಾಡಿ, "ಕೆಟ್ಟಿದೆ, ನೋಡ್ತೀರಾ?" ಎಂದು ಕೇಳಿದಳು. "ನನಗೆ ಅದೆಲ್ಲ ಬರಲ್ಲಮ್ಮ" ಎಂದ. ಆ ದಿನ ಅವಳು ಸ್ನಾನದ ಮನೆಯಲ್ಲಿ ನಲ್ಲಿ ಬಿಟ್ಟುಕೊಂಡು ಬಿಕ್ಕಿ ಬಿಕ್ಕಿ ಅತ್ತಳು. ಆದರೂ ಸಂಜೆ ಎದ್ದು ಅವನ ತಲೆ ಬಾಚಿದಳು.

ತೋರಿಸದೆ ಉಳಿದದ್ದು ಅದೊಂದೇ. ಆ ಗ್ಯಾಸಿನ ಯಂತ್ರವಿದ್ದ ಶೆಡ್ಡಿಗೆ ಬೀಗ ಹಾಕಿ ಹನ್ನೊಂದು ತಿಂಗಳಾಗಿತ್ತು. ತಮ್ಮನನ್ನು ಕರೆದು ಹೇಳಿದಳು.

"ಅಕ್ಕಾ, ನಿನಗೆ ತಲೆ ಕೆಟ್ಟಿದೆಯಾ? ಆ ಯಮನ ಹತ್ತಿರ ಮತ್ತೆ ಹೋಗ್ತೀಯಾ?"

"ಅದರಲ್ಲೂ ಅವರಿಗೆ ನೆನಪಾಗದೆ ಹೋದ್ರೆ ಇನ್ನು ನಾನು ಯಾರನ್ನೂ ಕೇಳಲ್ಲ ಕಣೋ. ಇದೊಂದು ಸಲ."

ಬಡಗಿ ನಾಲ್ಕು ಜನರನ್ನು ಕರೆತಂದು ಎಲ್ಲವನ್ನೂ ಬಯಲು ಅಂಗಳಕ್ಕೆ ಎಳೆಸಿದ. ನೀರಿನ ಡಬ್ಬಿ, ಇದ್ದಿಲ ಡ್ರಮ್ಮು, ಚೀಲ ಎಲ್ಲ ಮೊದಲಿನ ಜಾಗದಲ್ಲಿ ಜೋಡಿಸಿದರು. ಬೆಳಗ್ಗೆ ಹತ್ತರ ಬಿಸಿಲು, ಒಳ್ಳೆಯ ಗಾಳಿ. ಮೇಸ್ತ್ರಿಯನ್ನು ಗಾಳಿ ಬರುವ ಕಡೆಗೆ ಕುರ್ಚಿ ಹಾಕಿ ಕೂರಿಸಿದರು. ಅವಳು ಚೂರುಗಳನ್ನು ಕುಟ್ಟಿ ನೋಡಿ ಆರಿಸಿ ತುಂಬಿದಳು, ಕೆಂಡ ಹೊತ್ತಿಸಿದಳು, ಗಾಳಿ ಊದುವ ಚಕ್ರ ತಿರುಗಿಸಿದಳು. ಗ್ಯಾಸು ಬಂತೇ ಎಂದು ನೋಡುವ ಪರೀಕ್ಷೆಯ ಕೊಳವೆಯ ತುದಿಗೆ ಬೆಂಕಿ ತೋರಿಸಿದಾಗ ನೀಲಿ ಉರಿ ನಿಂತಿತು. ಗ್ಯಾಸನ್ನು ಇಂಜಿನ್ನಿಗೆ ತಿರುಗಿಸಿ ಚಾಲೂ ಮಾಡಿದಳು. ಹತ್ತಿಕೊಂಡಿತು, ಓಡಿತು, ಮತ್ತೆ ಉಸಿರು ಕಟ್ಟಿ ಏದುಸಿರು ಬಿಡತೊಡಗಿತು. ಗಾಳಿ ಹೆಚ್ಚಾಯಿತೋ ಕಡಿಮೆಯಾಯಿತೋ ಅವಳಿಗೆ ತಿಳಿಯಲಿಲ್ಲ.

ಕುರ್ಚಿಯಿಂದ ಅವನು ಎದ್ದ. ನಿಧಾನವಾಗಿ ನಡೆದು ಬಂದು, ಯಾರನ್ನೂ ಕೇಳದೆ, ಗಾಳಿಯ ತಿರುಪನ್ನು ಕೂದಲೆಳೆಯಷ್ಟು ಹಿಂದಕ್ಕೆ ತಿರುಗಿಸಿದ. ಇಂಜಿನ್ನು ಸಮವಾಗಿ ಓಡತೊಡಗಿತು.

ಬಡಗಿ ಮುಖ ಮುಚ್ಚಿಕೊಂಡು ಅತ್ತುಬಿಟ್ಟ. ಅವನು ಯಂತ್ರದ ಸುತ್ತ ಒಂದು ಸುತ್ತು ಬಂದ, ಬೆಸುಗೆಗಳ ಮೇಲೆ ಬೆರಳಾಡಿಸಿದ, ತಲೆಯಾಡಿಸಿದ. ಇದ್ದಿಲ ಡ್ರಮ್ಮನ್ನು ಬೆರಳಗಂಟಿನಿಂದ ತಟ್ಟಿದ.

"ಇದು ಯಾತಕ್ಕೆ?"

"ವಾಸನೆ ತೆಗೆಯೋಕೆ."

"ಅಯ್ಯೋ, ತಪ್ಪು ಮಾಡಿದ್ದಾರಲ್ಲ" ಎಂದ. ಹತ್ತು ತಿಂಗಳಿಂದ ಅವನು ಇಷ್ಟು ಸ್ಪಷ್ಟವಾಗಿ ಮಾತಾಡಿರಲಿಲ್ಲ. "ಕಸುಬುದಾರ, ಅನುಮಾನವೇ ಇಲ್ಲ. ಆದರೆ ವಾಸನೆ ತೆಗೆದ್ರೆ ಗ್ಯಾಸ್ ಇದೆಯೋ ಇಲ್ಲವೋ ಹೇಗೆ ಗೊತ್ತಾಗತ್ತೆ? ಮನುಷ್ಯ ಸತ್ತುಹೋಗ್ತಾನೆ. ಯಾರಮ್ಮ ಇದನ್ನ ಮಾಡಿದ್ದು?"

ಅವಳು ಹೇಗೋ ಹೇಳಿದಳು. "ಒಬ್ಬರು ಮೇಸ್ತ್ರಿ. ಅವರಾಗಿ ತೆಗೀಲಿಲ್ಲ. ಬಟ್ಟೆ ನಾರತ್ತೆ ಅಂತ ಹೆಂಡತಿ ಜಗಳ ಮಾಡಿದ್ಲು. ಅದಕ್ಕೆ ತೆಗೆದ್ರು."

ಅವನು ಡ್ರಮ್ಮನ್ನು, ಚೀಲದ ಮೂರು ಸಾಲು ಹೊಲಿಗೆಯನ್ನು ಸ್ವಲ್ಪ ಹೊತ್ತು ನೋಡಿದ.

"ಇಷ್ಟೆಲ್ಲ ಕೆಲಸ ಅದಕ್ಕೋಸ್ಕರ ಮಾಡಿದ್ರಾ? ಹೆಂಡತಿ ಅಂದ್ರೆ ಜೀವ ಇರಬೇಕು ಪಾಪ, ಆ ಮನುಷ್ಯನಿಗೆ."

"ಹೂಂ. ಬಹಳ."

"ಅವರನ್ನ ಕರೀರಿ. ನಾನೇ ಹೇಳ್ತೀನಿ, ಬೈಯೋದಿಲ್ಲ."

"ಬರ್ತಾರೆ" ಎಂದಳು ಅವಳು. "ಹೊರಗೆ ಹೋಗಿದ್ದಾರೆ. ಕೂತ್ಕೊಳ್ಳಿ."

ಅವನು ಕುರ್ಚಿಗೆ ಹೋಗಿ ಕೂತು ಗೇಟಿನ ಕಡೆ ನೋಡತೊಡಗಿದ. ಇಂಜಿನ್ನು ನಿಂತರೆ ಅವನು ಎಲ್ಲ ಮರೆತು ಎದ್ದು ಹೊರಟುಬಿಡುತ್ತಾನೆಂದು ಅವಳಿಗೆ ಗೊತ್ತಿತ್ತು. ತಮ್ಮನಿಗೆ ಇನ್ನಷ್ಟು ಚೂರು ತರಲು ಹೇಳಿ, ಮೇಲಿನ ಮುಚ್ಚಳ ತೆರೆದು ಕಟ್ಟಿಗೆ ತುಂಬಿದಳು. ಆಮೇಲೆ ಗಂಡನ ಪಕ್ಕದಲ್ಲಿ ಸ್ಟೂಲು ಹಾಕಿಕೊಂಡು ಕೂತಳು. ಇಬ್ಬರೂ ಆ ಮೇಸ್ತ್ರಿಗಾಗಿ ಕಾದರು.